ಬಣ್ಣಿಸುವವರು, ತೀರ್ಮಾನಿಸುವವರು

ರಾಯಚೂರು ಜಿಲ್ಲೆಯ ಕಲ್ಲೂರು, ಮಾನ್ವಿ, ದೇವದುರ್ಗದ ಕಡೆಯ ಮಕ್ಕಳು ತರಗತಿಯಲ್ಲಿ 'ಓದಾಕತ್ತೀನ್ರಿ' ಎಂದರೆ ಅದನ್ನು ತಪ್ಪೆಂದು ತಿದ್ದುವವರು ಇಂದಿಗೂ ಇದ್ದಾರೆ. ಅವರ ಕಿವಿಗೆ ಅದು 'ಓದುತ್ತಿದ್ದೇನೆ' ಎಂಬುದರ ಕೆಟ್ಟ ರೂಪ. ಭಾಷಾವಿಜ್ಞಾನ ಬೇರೆಯದನ್ನು ತೋರಿಸುತ್ತದೆ. 'ಓದಲಿಕ್ಕೆ' ಎಂಬ ರೂಪಕ್ಕೆ 'ಹತ್ತು' ಎಂಬ ಕ್ರಿಯಾಪದ ಸೇರಿ ಆದ ರಚನೆ ಅದು. ಓದಾಕತ್ತೀನಿ, ಓದಾಕತ್ತಾರ, ಓದಾಕತ್ತೈತಿ ಎಂದು ಕರ್ತೃವಿಗೆ ತಕ್ಕಂತೆ ನಿಯಮ ತಪ್ಪದೆ ನಡೆಯುತ್ತದೆ. ಉರ್ದುವಿನಿಂದ ನಮ್ಮ ಮಾತಿಗೆ ಬಂದ 'ಜಲ್ದಿ', 'ದವಾಖಾನಿ'ಗಳಿಗೂ ಹೀಗೆಯೇ ಒಂದು ಚರಿತ್ರೆಯಿದೆ. ಈ ತಿಳಿವಳಿಕೆ ವಿಶ್ವವಿದ್ಯಾಲಯದ ಗೋಡೆಯೊಳಗೇ ಉಳಿದರೆ ಆ ಮಕ್ಕಳಿಗೆ ಏನು ಪ್ರಯೋಜನ?

ಭಾಷೆ ಬಲ್ಲವರು ಜನರ ನಡುವೆ ಬಂದ ಮಾದರಿ ನಮ್ಮಲ್ಲೇ ಇದೆ. 1991ರಲ್ಲಿ 'ಪ್ರಜಾವಾಣಿ'ಯಲ್ಲಿ 'ಇಗೋ ಕನ್ನಡ' ಅಂಕಣ ಆರಂಭಿಸಿದ ಜಿ. ವೆಂಕಟಸುಬ್ಬಯ್ಯನವರು ವರ್ಷಗಟ್ಟಲೆ ಓದುಗರ ಸಂದೇಹಗಳಿಗೆ ಉತ್ತರಿಸಿದರು. ಭಾಷಾವಿಜ್ಞಾನಿ ಡಿ. ಎನ್. ಶಂಕರ ಭಟ್ಟರು ಹಿಡಿದದ್ದು ಕಠಿಣವಾದ ದಾರಿ. ಕನ್ನಡದ ವ್ಯಾಕರಣವನ್ನು ಸಂಸ್ಕೃತದ ಅಚ್ಚಿಗೆ ಹೊಯ್ದಿದ್ದೇವೆ, ಹೆಚ್ಚಿನವರ ಮಾತಿನಲ್ಲಿ ಮಹಾಪ್ರಾಣವಿಲ್ಲ, ಆದ್ದರಿಂದ ಬರಹದಲ್ಲಿಯೂ ಅದು ಬೇಡ ಎಂದರು. ಹಳೆಯ ಗ್ರಂಥಗಳ ನಂಟು ಕಡಿದುಹೋಗುತ್ತದೆ ಎಂದು ಅನೇಕರು ವಿರೋಧಿಸಿದರು.

ಈ ವಾದದಲ್ಲಿ ಎರಡು ಸಂಗತಿಗಳು ಬೆರೆತುಹೋದವು. ಜನ ಹೇಗೆ ಆಡುತ್ತಾರೆ ಎಂಬುದು ಕೇಳಿ, ಪರೀಕ್ಷಿಸಿ ತಿಳಿಯುವ ವಿಷಯ. ಅಲ್ಲಿ ಭಾಷಾವಿಜ್ಞಾನಿಗಳ ಮಾತಿಗೆ ತೂಕ ಹೆಚ್ಚು. ಹೇಗೆ ಬರೆಯಬೇಕು ಎಂಬುದು ಸಮಾಜ ಕೂಡಿ ಮಾಡಿಕೊಳ್ಳುವ ಆಯ್ಕೆ. ಅಲ್ಲಿ ಅವರೂ ನಮ್ಮಂತೆ ಒಬ್ಬರು. ಜರ್ಮನ್ ಭಾಷಿಕರು ಇದನ್ನು ಕಷ್ಟಪಟ್ಟು ಕಲಿತರು. 1996ರ ಜುಲೈಯಲ್ಲಿ ವಿಯೆನ್ನಾದಲ್ಲಿ ಸರ್ಕಾರಗಳು ಒಪ್ಪಿದ ಕಾಗುಣಿತ ಸುಧಾರಣೆಗೆ ಲೇಖಕರೂ ಪತ್ರಿಕೆಗಳೂ ತಿರುಗಿಬಿದ್ದರು. 2006ರಲ್ಲಿ ನಿಯಮಗಳನ್ನು ಮತ್ತೆ ತಿದ್ದಬೇಕಾಯಿತು.

ಬದಲಾವಣೆ ಕನ್ನಡಕ್ಕೆ ಹೊಸದಲ್ಲ. 13ನೆಯ ಶತಮಾನದ ವೈಯಾಕರಣ ಕೇಶಿರಾಜ 'ೞ' ಬರುವ ಪದಗಳನ್ನು ಜತನದಿಂದ ಪಟ್ಟಿ ಮಾಡಿದ. ಆದರೂ ಆ ಅಕ್ಷರ ಬಳಕೆಯಿಂದ ಹೋಯಿತು, ಕನ್ನಡ ಬಾಳಿತು. ಇನ್ನು ಈ ಸೀಮೆಯ ಮಾತಿನ ವಿಷಯ: ಹಳಗನ್ನಡದ ಕವಿರಾಜಮಾರ್ಗ ತಿರುಳ್ಗನ್ನಡದ, ಎಂದರೆ ಅಚ್ಚ ಕನ್ನಡದ, ನೆಲೆಗಳಲ್ಲಿ ಹೆಸರಿಸಿದ ಕೊಪಣ, 1997ರವರೆಗೆ ರಾಯಚೂರು ಜಿಲ್ಲೆಯಲ್ಲೇ ಇದ್ದ ಕೊಪ್ಪಳ. ಈ ಸೀಮೆಯ ಮಾತನ್ನು ಕೀಳೆನ್ನಲು ಚರಿತ್ರೆಯೂ ಒಪ್ಪದು.

ಬರಹದ ಕನ್ನಡವನ್ನು ಮಕ್ಕಳಿಗೆ ಕಲಿಸಲೇಬೇಕು. ಪರೀಕ್ಷೆ, ನೌಕರಿ, ಸಾಹಿತ್ಯ ಎಲ್ಲಕ್ಕೂ ಅದು ಬೇಕು. ಆದರೆ ಮನೆಯ ಮಾತನ್ನು ಹಳಿಯದೆ ಕಲಿಸಬಹುದು. ಅದಕ್ಕೆ ಶಿಕ್ಷಕರ ತರಬೇತಿಯಲ್ಲಿ ಈ ಭಾಗದ ಕನ್ನಡದ ವ್ಯಾಕರಣಕ್ಕೆ ಜಾಗ ಸಿಗಬೇಕು. ಭಾಷಾವಿಜ್ಞಾನಿಗಳು ತಾವು ಕಂಡದ್ದನ್ನು ಎಲ್ಲರಿಗೂ ತಿಳಿಯುವ ಕನ್ನಡದಲ್ಲಿ ಬರೆಯಬೇಕು. ಎಲ್ಲಿಯವರೆಗೆ ಸಂಶೋಧನೆ, ಎಲ್ಲಿಂದ ತಮ್ಮ ಅಭಿಪ್ರಾಯ ಎಂಬುದನ್ನು ಬಿಡಿಸಿ ಹೇಳಬೇಕು. ಒಪ್ಪದವರೂ ಬರೆಯಲಿ. ಅಂಥ ವಾಗ್ವಾದಕ್ಕೆ ಈ ಪತ್ರಿಕೆಯ ಪುಟಗಳು ತೆರೆದಿವೆ.