ಮುದಿ ನಾಯಿಗೆ ಕ್ಯಾನ್ಸರ್: ವಯಸ್ಸಲ್ಲ, ರೋಗದ ಹೆಸರು ಕೇಳ್ರಿ

"ಹತ್ತು ವರ್ಷದ ನಾಯಿಗೆ ಯಾಕ ರೊಕ್ಕ ಹಾಕ್ತಿ, ಬಿಡೋ." ಜಮಖಂಡಿ, ಮುಧೋಳ, ಬೀಳಗಿ, ರಬಕವಿ-ಬನಹಟ್ಟಿ ಕಡೆ ನಾಯಿಗೆ ಗಡ್ಡೆ ಎದ್ದರೆ ಮೊದಲು ಕೇಳೋದು ಈ ಮಾತು. ನಾನು ಇದನ್ನ ಒಪ್ಪಲ್ಲ. ವಯಸ್ಸು ರೋಗ ಅಲ್ಲ. ಗಡ್ಡೆ ಯಾವುದು ಅಂತ ತಿಳಿಯದೆ ಚಿಕಿತ್ಸೆ ಮಾಡಿಸೋದೂ ತಪ್ಪು, ಕೈಬಿಡೋದೂ ತಪ್ಪು.

ನಾಯಿಗಳು ಕೂಡುವಾಗ ಅಂಟುವ ಜನನಾಂಗದ ಗಡ್ಡೆಯನ್ನೇ ನೋಡ್ರಿ. ರಕ್ತ ತೊಟ್ಟಿಕ್ಕಿದರೆ ಬೆದೆ ಅಂತ ಸುಮ್ಮನಾಗ್ತೇವೆ. ಆದರೆ ವೈದ್ಯರು ವಾರಕ್ಕೊಂದು ವಿನ್‌ಕ್ರಿಸ್ಟಿನ್ ಇಂಜೆಕ್ಷನ್ ಕೊಟ್ಟರೆ, ಸಾಮಾನ್ಯವಾಗಿ 4ರಿಂದ 6ರಲ್ಲಿ, ಹೆಚ್ಚಿನ ನಾಯಿಗಳು ಪೂರ್ತಿ ಗುಣ ಆಗ್ತಾವೆ. ಮುದಿ ನಾಯಿ ಅಂತ ಇದನ್ನ ಬಿಟ್ಟರೆ ಅನ್ಯಾಯ.

ಮೊಲೆ ಗಡ್ಡೆ ಬೇರೆ ಲೆಕ್ಕ. ಮರಿಗಾಗಿ ಸಾಕಿದ, ಸಂತಾನಹರಣ ಮಾಡಿಸದ ಹೆಣ್ಣು ನಾಯಿಗಳಲ್ಲಿ ಇದು ಹೆಚ್ಚು. ಸುಮಾರು ಅರ್ಧದಷ್ಟು ಗಡ್ಡೆಗಳು ಮಾತ್ರ ಕ್ಯಾನ್ಸರ್. ಕಡಲೆ ಗಾತ್ರ ಇದ್ದಾಗಲೇ ತೆಗೆಸಿದರೆ ಫಲ ಚೆನ್ನಾಗಿರ್ತದೆ. ಆಪರೇಷನ್‌ಗೆ ಮೊದಲು ಎದೆಯ ಎಕ್ಸ್-ರೇ ಆಗಲಿ. ಶ್ವಾಸಕೋಶಕ್ಕೆ ಹಬ್ಬಿದ್ದರೆ ಕತ್ತರಿ ಹಾಕಿಸಿ ನಾಯಿಗೆ ಬರುವ ಲಾಭ ಕಡಿಮೆ. ಮುಧೋಳ ನಾಯಿಯಂಥ ತೆಳ್ಳನೆ ಬೇಟೆ ತಳಿಗಳು ಕೆಲವು ಅರಿವಳಿಕೆ ಔಷಧಿಯಿಂದ ತಡವಾಗಿ ಚೇತರಿಸಿಕೊಳ್ತಾವೆ. ತಳಿ ಯಾವುದು ಅಂತ ವೈದ್ಯರಿಗೆ ಮೊದಲೇ ಹೇಳ್ರಿ.

ಹಾಗಾಗಿ ವೈದ್ಯರನ್ನ ಮೂರು ಪ್ರಶ್ನೆ ಕೇಳ್ರಿ. ಗಡ್ಡೆಯ ಹೆಸರೇನು? ಹಬ್ಬಿದೆಯಾ? ಚಿಕಿತ್ಸೆಯಿಂದ ಗುಣ ಆಗ್ತದಾ, ಇಲ್ಲ ಕೆಲವು ತಿಂಗಳು ಸಿಗ್ತಾವಾ? ಒಟ್ಟು ಖರ್ಚು, ಎಷ್ಟು ಸಲ ಓಡಾಟ ಅನ್ನೋದನ್ನೂ ಮುಚ್ಚುಮರೆಯಿಲ್ಲದೆ ಕೇಳ್ರಿ. ಕಬ್ಬಿನ ಬಿಲ್ಲು ಬರೋ ಮೊದಲೇ ಸಾಲ ಮಾಡಿ ಚಿಕಿತ್ಸೆ ಮಾಡಿಸಿದವರಷ್ಟೇ ನಾಯಿ ಪ್ರೀತಿಸ್ತಾರೆ ಅಂತೇನಿಲ್ಲ.

ಗುಣ ಆಗಲ್ಲ ಅಂದರೆ ನೋವು ಕಮ್ಮಿ ಮಾಡೋದೂ ಚಿಕಿತ್ಸೆಯೇ. ಆದರೆ ಮನೆಯಲ್ಲಿರೋ ಡೈಕ್ಲೋಫೆನಾಕ್, ಐಬುಪ್ರೊಫೇನ್ ಗುಳಿಗೆ ಕೊಡಬ್ಯಾಡ್ರಿ, ಹೊಟ್ಟೆ, ಕಿಡ್ನಿ ಕೆಡ್ತಾವೆ. ನೋವಿನ ಔಷಧಿ ಪಶುವೈದ್ಯರೇ ಬರೆದುಕೊಡಲಿ.

ಫೋನಿನಲ್ಲಿ ದಿನಾ ಗುರುತು ಹಾಕ್ರಿ: ಉಂಡಿತಾ, ತಾನೇ ಎದ್ದಿತಾ, ರಾತ್ರಿ ಮಲಗಿತಾ, ನಿಮ್ಮನ್ನ ಕಂಡು ಬಾಲ ಆಡಿಸಿತಾ? ಒಳ್ಳೆ ದಿನಗಳಿಗಿಂತ ಕೆಟ್ಟ ದಿನ ಹೆಚ್ಚಾದರೆ ದಯಾಮರಣದ ಬಗ್ಗೆ ವೈದ್ಯರ ಹತ್ತಿರ ಮಾತಾಡ್ರಿ. ಹೊಲದ ಬದುವಿಗೆ ಕಟ್ಟಿ ನರಳಲು ಬಿಡೋದಕ್ಕಿಂತ ಅದು ದೊಡ್ಡ ಕರುಣೆ.

ಈ ವಾರ ನಿಮ್ಮ ನಾಯಿಯ ಮೈ, ಮೊಲೆ, ಬಾಯಿ ಒಮ್ಮೆ ಕೈಯಾಡಿಸಿ ನೋಡ್ರಿ. ಗಂಟು ಸಿಕ್ಕರೆ ದೊಡ್ಡದಾಗೋ ತನಕ ಕಾಯಬ್ಯಾಡ್ರಿ.