ಜೆಸಿಎಲ್‌ನ ಮೂರನೆಯ ಪದ

ಕಳೆದ ತಿಂಗಳು ಒಂದು ಭಾನುವಾರ ಸಂಜೆ, ಜೋಗೇಶ್ವರಿ ಪೂರ್ವದ ನಮ್ಮ ಮನೆಗೆ ಊರ ಕಡೆಯ ಪರಿಚಯದವರೊಬ್ಬರು ಮಗಳನ್ನು ಕರೆದುಕೊಂಡು ಬಂದಿದ್ದರು. ಅವರು ಬಹಳ ವರ್ಷಗಳಿಂದ ಇಲ್ಲಿನ ಹೋಟೆಲೊಂದರ ಗಲ್ಲಾದಲ್ಲಿ ಕೂರುವವರು. ಮಗಳು ಈ ವರ್ಷ ಬಿಎಸ್ಸಿ ಮುಗಿಸಿದ್ದಾಳೆ. ಚಹಾ ಕುಡಿದಾದ ಮೇಲೆ ಅವರು ಜೇಬಿನಿಂದ ನಾಲ್ಕು ಮಡಿಕೆಯ ಕರಪತ್ರವೊಂದನ್ನು ತೆಗೆದು ನನ್ನ ಮುಂದಿಟ್ಟರು. ಮೇನ್‌ಫ್ರೇಮ್ ತರಬೇತಿ, ಕೋಬಾಲ್, ಜೆಸಿಎಲ್, ಡಿಬಿ2, ಮೂರೇ ತಿಂಗಳು, ಆಮೇಲೆ ಕೆಲಸ ಗ್ಯಾರಂಟಿ.

"ಇದಕ್ಕೆ ದುಡ್ಡು ಕಟ್ಟಬಹುದಾ ಮಾರಾಯ್ರೆ? ನೀವು ಇದರಲ್ಲೇ ಇದ್ದವರು. ನೀವು ಹೂಂ ಅಂದ್ರೆ ನಾಳೆಯೇ ಕಟ್ತೇನೆ" ಅಂದರು.

ಮಗಳು ಮೆಲ್ಲಗೆ ಕೇಳಿದಳು: "ಅಂಕಲ್, ಇದು ಈಗ್ಲೂ ನಡೀತದಾ? ನನ್ನ ಫ್ರೆಂಡ್ಸ್ ಎಲ್ಲ ಇದು ಹಳೇ ಕಾಲದ್ದು ಅಂತಾರೆ."

ಹೂಂ ಎನ್ನಲೂ ಊಹೂಂ ಎನ್ನಲೂ ನನಗೆ ಬಾಯಿ ಬರಲಿಲ್ಲ. 1998ರಲ್ಲಿ ಇದೇ ಜೋಗೇಶ್ವರಿಯಲ್ಲಿ ಇಂಥದೇ ಕಾಗದ ಹಿಡಿದು ನಾನೂ ನಿಂತಿದ್ದೆ. ಅವತ್ತು ಆ ಅಪ್ಪ ಮಗಳಿಗೆ ಹೇಳಿದ್ದನ್ನೇ ಈ ಸಲ ಇಲ್ಲಿ ಬರೆಯುತ್ತಿದ್ದೇನೆ. ನಿಮ್ಮಲ್ಲಿ ಕೆಲವರ ಮನೆಯಲ್ಲೂ ಈ ಪ್ರಶ್ನೆ ಬಂದಿರಬಹುದು.

ಆಗ ಎಲ್ಲರ ಬಾಯಲ್ಲೂ ವೈ2ಕೆ. ಹಳೆಯ ಪ್ರೋಗ್ರಾಮುಗಳಲ್ಲಿ ಇಸವಿಯನ್ನು ಎರಡೇ ಅಂಕಿಯಲ್ಲಿ ಬರೆದಿದ್ದರು. 99 ಮುಗಿದು 00 ಬಂದಾಗ ಕಂಪ್ಯೂಟರು ಅದನ್ನು 1900 ಎಂದುಕೊಂಡರೆ ಬಡ್ಡಿ, ವಿಮೆ, ಪಿಂಚಣಿ ಎಲ್ಲ ಲೆಕ್ಕವೂ ತಲೆಕೆಳಗು. ಅಮೆರಿಕದ ಬ್ಯಾಂಕು, ವಿಮಾ ಕಂಪನಿಗಳ ಹಳೆಯ ಪ್ರೋಗ್ರಾಮುಗಳನ್ನು ಸಾಲು ಸಾಲಾಗಿ ಓದಿ ತಿದ್ದುವ ಕೆಲಸ ಭಾರತಕ್ಕೆ ಬಂತು. 1973ರಲ್ಲಿ ಎಲೆಕ್ಟ್ರಾನಿಕ್ಸ್ ರಫ್ತಿಗೆಂದು ಅಂಧೇರಿ ಪೂರ್ವದಲ್ಲಿ ಶುರುವಾದ ಸೀಪ್ಜ್‌ನಲ್ಲಿ ಅಷ್ಟು ಹೊತ್ತಿಗೆ ಸಾಫ್ಟ್‌ವೇರ್ ಕಂಪನಿಗಳೂ ಬಹಳ ಇದ್ದವು. ಜೋಗೇಶ್ವರಿಯಿಂದ ರಿಕ್ಷಾ ಹಿಡಿದರೆ ಅಲ್ಲಿಗೆ ಹತ್ತಿರ. ನಮ್ಮ ಗಲ್ಲಿಗಳಲ್ಲಿ ಕೋಬಾಲ್, ಜೆಸಿಎಲ್ ಬೋರ್ಡುಗಳು ತೂಗಾಡತೊಡಗಿದ್ದು ಹಾಗೆ.

ನಾನು ಬೆಳಗಿನ ಕಾಲೇಜಿನಲ್ಲಿ ಬಿಕಾಂ ಮುಗಿಸಿ, ಅಣ್ಣನಿದ್ದ ಹೋಟೆಲಿನಲ್ಲಿ ಬಿಲ್ ಬರೆಯುತ್ತಿದ್ದೆ. ಅಣ್ಣ ಏಳನೇ ಕ್ಲಾಸಿಗೆ ಶಾಲೆ ಬಿಟ್ಟು ಮುಂಬಯಿಗೆ ಬಂದವನು. ಟೇಬಲ್ ಒರೆಸಿ, ಸಪ್ಲಾಯರ್ ಆಗಿ, ಆಗಷ್ಟೇ ಮ್ಯಾನೇಜರ್ ಆಗಿದ್ದ. ಕೋರ್ಸಿನ ಫೀಸು ಅವನ ಮೂರು ತಿಂಗಳ ಸಂಬಳ. ದುಡ್ಡು ಕೊಡುವಾಗ ಇಷ್ಟೇ ಹೇಳಿದ: "ಆದ್ರೆ ಒಳ್ಳೇದೇ. ಆಗ್ಲಿಲ್ಲ ಅಂದ್ರೆ ರಾತ್ರಿ ಗಲ್ಲಾದಲ್ಲಿ ಕೂತ್ಕೋ. ಧಣಿಗಳ ಹತ್ರ ಆಗ್ಲೇ ಹೇಳಿಟ್ಟಿದ್ದೇನೆ." ಹೊಸ ಕೆಲಸಕ್ಕೆ ಹೊರಟವನಿಗೆ ಇದೆಂಥ ಅಪಶಕುನದ ಮಾತು ಎಂದು ನನಗೆ ಸಿಟ್ಟು ಬಂದಿತ್ತು.

ಕ್ಲಾಸು ನಡೆಯುತ್ತಿದ್ದದ್ದು ಸ್ಟೇಶನ್ನಿಂದ ಗುಹೆಗಳ ಕಡೆ ಹೋಗುವಾಗ ಸಿಗುವ ಅಂಗಡಿಯೊಂದರ ಮೇಲಿನ ಕೋಣೆಯಲ್ಲಿ. ಎರಡು ಪಿಸಿ, ಹದಿನೈದು ಹುಡುಗರು. ಮೇನ್‌ಫ್ರೇಮ್ ಅನ್ನುವುದು ಬರೀ ಮಾತಿನಲ್ಲಿ. ಕಲಿಸಲು ಬರುತ್ತಿದ್ದವರು ಸೀಪ್ಜ್‌ನಲ್ಲಿ ಕೆಲಸಕ್ಕಿದ್ದ ಧಾರವಾಡ ಕಡೆಯ ಒಬ್ಬರು. ಮೊದಲ ದಿನವೇ ಅವರು ಗಣಿತದ ಚೌಕುಳಿ ಪುಸ್ತಕ ತರಲು ಹೇಳಿದರು. ಒಂದು ಚೌಕಕ್ಕೆ ಒಂದು ಅಕ್ಷರ, ಒಂದು ಸಾಲಿಗೆ 80 ಚೌಕ.

ಈ 80ರ ಲೆಕ್ಕ ರಟ್ಟಿನ ಕಾರ್ಡಿನದು. ಐಬಿಎಂ ಕಂಪನಿ 1964ರ ಏಪ್ರಿಲ್ 7ರಂದು ಸಿಸ್ಟಂ/360 ಎಂಬ ಕಂಪ್ಯೂಟರುಗಳ ಸರಣಿಯನ್ನು ಪ್ರಕಟಿಸಿತು. ಆಗ ಆದೇಶಗಳನ್ನೂ ಮಾಹಿತಿಯನ್ನೂ ತೂತು ಹೊಡೆದ ಕಾರ್ಡಿನಲ್ಲಿ ಕೊಡುತ್ತಿದ್ದರು. ಒಂದು ಕಾರ್ಡಿನಲ್ಲಿ 80 ಅಕ್ಷರ. ಕಾರ್ಡು ಹೋಗಿ ಎಷ್ಟೋ ಕಾಲವಾದರೂ ಜೆಸಿಎಲ್ ಇಂದಿಗೂ ಆ ಅಳತೆಯಲ್ಲೇ ಇದೆ. ಸಾಲಿನ ಮೊದಲ ಎರಡು ಮನೆಯಲ್ಲಿ ಎರಡು ಓರೆಗೀಟು. ಮೂರನೇ ಮನೆಯಿಂದ ಹೆಸರು, ಎಂಟು ಅಕ್ಷರ ಮೀರಬಾರದು. 71ನೇ ಮನೆ ದಾಟಿ ಬರೆಯುವಂತಿಲ್ಲ. ಅಲ್ಪವಿರಾಮದ ನಂತರ ಕೈತಪ್ಪಿ ಒಂದು ಜಾಗ ಬಿಟ್ಟರೆ, ಆ ಸಾಲಿನಲ್ಲಿ ಮುಂದೆ ಬರೆದದ್ದೆಲ್ಲ ಬರೀ ಟಿಪ್ಪಣಿ. ಯಂತ್ರ ಅದನ್ನು ಓದುವುದೇ ಇಲ್ಲ.

ಸಿಸ್ಟಂ/360 ಯೋಜನೆಯ ಮುಖ್ಯಸ್ಥರಾಗಿದ್ದ ಫ್ರೆಡ್ ಬ್ರೂಕ್ಸ್ ಅವರೇ ಮುಂದೆ, ಜಗತ್ತಿನಲ್ಲಿ ಯಾರೂ ಇದಕ್ಕಿಂತ ಕೆಟ್ಟ ಪ್ರೋಗ್ರಾಮಿಂಗ್ ಭಾಷೆ ಮಾಡಿಲ್ಲ, ಅದೂ ನನ್ನ ಉಸ್ತುವಾರಿಯಲ್ಲೇ ಆದದ್ದು ಎಂದು ಒಪ್ಪಿಕೊಂಡರು. ನಾಲ್ಕು ಕಾರ್ಡುಗಳ ಕೆಲಸ ಎಂದುಕೊಂಡರೇ ಹೊರತು, ಅದೂ ಒಂದು ಭಾಷೆ ಎಂದು ಆಗ ಯಾರಿಗೂ ಹೊಳೆದಿರಲಿಲ್ಲವಂತೆ.

ಎರಡು ತಿಂಗಳು ಕಳೆಯಿತು. ಒಂದು ಸಂಜೆ ಹೋಗಿ ನೋಡಿದರೆ ಕೋಣೆಗೆ ಬೀಗ, ಬೋರ್ಡೂ ಇಲ್ಲ. ಅಣ್ಣನಿಗೆ ಹೇಳಲು ಮೂರು ದಿನ ಹಿಡಿಯಿತು. ಅವನು ಬೈಯಲಿಲ್ಲ. "ಇವತ್ತಿಂದ ರಾತ್ರಿ ಗಲ್ಲಾ ನಿನ್ನದು" ಅಂದ. ಸ್ವಲ್ಪ ಹೊತ್ತು ಬಿಟ್ಟು, "ಆ ಮೇಷ್ಟ್ರಿಗೂ ದುಡ್ಡು ಮುಳುಗಿದ ಹಾಗೇ ಅಲ್ವಾ? ಊಟಕ್ಕೆ ಇಲ್ಲಿಗೇ ಬರಲಿಕ್ಕೆ ಹೇಳು" ಅಂದ.

ಮೇಷ್ಟ್ರು ಬಂದರು. ವಾರಕ್ಕೆ ಎರಡು ದಿನ, ರಾತ್ರಿ ಹತ್ತೂವರೆಗೆ ಶಟರ್ ಅರ್ಧ ಇಳಿದ ಮೇಲೆ, ಮೂಲೆಯ ಟೇಬಲಿನಲ್ಲಿ ನಮಗೆ ಮೂವರಿಗೆ ಪಾಠ. ಕೋಣೆಯಲ್ಲಿ ಅರ್ಥವಾಗದ್ದು ಅಲ್ಲಿ ಅರ್ಥವಾಯಿತು.

"ಭಟ್ಟರಿಗೆ ದೋಸಿ ಹಾಕೂದು ಬರತದ. ಯಾವ ಟೇಬಲ್ಲಿಗೆ, ಯಾವ ಹಿಟ್ಟಿಲೆ, ಎಷ್ಟು, ಯಾರ ಬಿಲ್ಲಿಗೆ ಅಂತ ಯಾರರೆ ಹೇಳಬೇಕಲ್ಲ? ಆ ಚೀಟಿನೇ ಜೆಸಿಎಲ್" ಅಂದರು.

ನಿಜವಾಗಿಯೂ ಅದು ಅಷ್ಟೇ. ಲೆಕ್ಕ ಮಾಡುವುದು ಕೋಬಾಲಿನಂಥ ಭಾಷೆಯಲ್ಲಿ ಬರೆದ ಪ್ರೋಗ್ರಾಮು. ಜೆಸಿಎಲ್ ಬರೀ ಏರ್ಪಾಟು ಹೇಳುತ್ತದೆ. ಅದರಲ್ಲಿ ಮುಖ್ಯವಾದ ಆದೇಶಗಳು ಮೂರು. ಜಾಬ್: ಇದು ಯಾರ ಕೆಲಸ. ಎಕ್ಸೆಕ್: ಈ ಹಂತದಲ್ಲಿ ಯಾವ ಪ್ರೋಗ್ರಾಮು ಓಡಬೇಕು. ಡಿಡಿ: ಮಾಹಿತಿ ಎಲ್ಲಿಂದ ಬರಬೇಕು, ಎಲ್ಲಿಗೆ ಹೋಗಬೇಕು. ಒಂದೊಂದು ಹಂತ ಮುಗಿದಾಗಲೂ ಒಂದು ಅಂಕಿ ಹಿಂದಕ್ಕೆ ಬರುತ್ತದೆ. 0 ಬಂದರೆ ಕ್ಷೇಮ, 4 ಬಂದರೆ ಎಚ್ಚರಿಕೆ, 8 ಮತ್ತು ಅದಕ್ಕೂ ಮೇಲಾದರೆ ತಪ್ಪು. ಆ ಅಂಕಿ ನೋಡಿ ಮುಂದಿನ ಹಂತ ನಡೆಸಬೇಕೋ ಬಿಡಬೇಕೋ ಎನ್ನುವುದನ್ನು ಕಾಂಡ್ ಎಂಬ ಮಾತಿನಲ್ಲಿ ಬರೆಯುತ್ತಾರೆ. ಅದೊಂದು ತಿರುವುಮುರುವು: ಷರತ್ತು ನಿಜವಾದರೆ ಆ ಹಂತವನ್ನು ನಡೆಸುವುದಿಲ್ಲ, ಬಿಟ್ಟುಬಿಡುತ್ತದೆ. ಆಮೇಲಿನ ಕಾಲದಲ್ಲಿ ಇಫ್, ದೆನ್, ಎಲ್ಸ್ ಬಂದು ಆ ಗೋಳು ಕಡಿಮೆಯಾಯಿತು.

ನಮಗೆ ತುಂಬ ನಗು ತರಿಸಿದ್ದು ಐಇಎಫ್‌ಬಿಆರ್14 ಎಂಬ ಪ್ರೋಗ್ರಾಮು. ಅದರ ಕೆಲಸ ಏನೂ ಮಾಡದಿರುವುದು. ಅದನ್ನು ಕರೆದ ನೆಪದಲ್ಲಿ ಡಿಡಿ ಸಾಲಿನಲ್ಲಿರುವ ಫೈಲನ್ನು ಸಿಸ್ಟಂ ತಾನೇ ಸೃಷ್ಟಿಸುತ್ತದೆ ಅಥವಾ ಅಳಿಸುತ್ತದೆ, ಅದಕ್ಕಾಗಿ ಅದು ಬೇಕು. ಮೊದಲು ಅದರಲ್ಲಿದ್ದದ್ದು ಒಂದೇ ಒಂದು ಸೂಚನೆ, 'ವಾಪಸ್ ಹೋಗು'. ಅದರಲ್ಲೂ ತಪ್ಪಿತ್ತು! ಹೋಗುವಾಗ 0 ಹೇಳಿ ಹೋಗುವುದನ್ನು ಮರೆತಿದ್ದರು. ತಿದ್ದಲು ಇನ್ನೊಂದು ಸೂಚನೆ ಸೇರಿಸಬೇಕಾಯಿತು. "ಏನೂ ಮಾಡದ ಕೆಲಸದಾಗೂ ತಪ್ಪು ಆಗತದ. ನಿಮ್ಮ ಕೆಲಸದಾಗ ಆದರ ನಾಚಿಕಿ ಬ್ಯಾಡ" ಎನ್ನುತ್ತಿದ್ದರು ಮೇಷ್ಟ್ರು.

ಅವರದೇ ಶಿಫಾರಸಿನಿಂದ ಆ ವರ್ಷದ ಕೊನೆಗೆ ನನಗೆ ಒಂದು ಕಂಪನಿಯಲ್ಲಿ ಕೆಲಸ ಸಿಕ್ಕಿತು. ಅಮೆರಿಕದಲ್ಲಿ ರಾತ್ರಿ ಓಡುವ ಜಾಬುಗಳನ್ನು ಇಲ್ಲಿ ಹಗಲಿನಲ್ಲಿ ಕೂತು ನೋಡಿಕೊಳ್ಳುವುದು. ಮೂರನೇ ತಿಂಗಳಲ್ಲಿ ನಾನೇ ಬರೆದ ಒಂದು ಹಂತ ಕೆಟ್ಟು ನಿಂತಿತು. ಅಲ್ಲಿ ರಾತ್ರಿ ಎರಡೂವರೆ, ಇಲ್ಲಿ ಮಧ್ಯಾಹ್ನ ಒಂದು. ಫೈಲು ಬರೆಯುವಾಗ ಡಿಸ್ಕಿನಲ್ಲಿ ಕೊಟ್ಟ ಜಾಗ ಸಾಲದೆ ಹೋಗಿತ್ತು. ಅದೇನೂ ದೊಡ್ಡದಲ್ಲ. ಜಾಗ ಹೆಚ್ಚಿಸಿ ಮತ್ತೆ ಓಡಿಸಿದೆ. ಮತ್ತೆ ಬಿತ್ತು, ಈ ಸಲ ಶುರುವಾಗುವ ಮೊದಲೇ. ಈ ಹೆಸರಿನ ಫೈಲು ಈಗಾಗಲೇ ಇದೆ ಎನ್ನುತ್ತಿತ್ತು. ಎಲ್ಲಿಂದ ಬಂತು ಎಂದು ಹುಡುಕುವುದರಲ್ಲಿ ಒಂದೂವರೆ ಗಂಟೆ ಹೋಯಿತು.

ತಪ್ಪು ಇದ್ದದ್ದು ಡಿಸ್ಪ್ ಎಂಬ ಕಡೆ. ಡಿಡಿ ಸಾಲಿನಲ್ಲಿ ಫೈಲಿನ ಬಗ್ಗೆ ಮೂರು ಪದ ಬರೆಯುವ ಜಾಗ ಅದು. ಮೊದಲನೆಯದು, ಫೈಲು ಈಗ ಯಾವ ಸ್ಥಿತಿಯಲ್ಲಿದೆ: ಹೊಸದೋ ಹಳೆಯದೋ, ಬೇರೆಯವರ ಜೊತೆ ಹಂಚಿಕೊಂಡು ಓದುವುದೋ, ಇದ್ದದ್ದರ ಕೊನೆಗೆ ಸೇರಿಸುವುದೋ. ಎರಡನೆಯದು, ಹಂತ ಸರಿಯಾಗಿ ಮುಗಿದರೆ ಫೈಲನ್ನು ಏನು ಮಾಡಬೇಕು. ಮೂರನೆಯದು, ಹಂತ ಕೆಟ್ಟು ನಿಂತರೆ ಏನು ಮಾಡಬೇಕು. ನಾನು ನ್ಯೂ, ಕ್ಯಾಟಲಾಗ್ ಎಂದು ಎರಡೇ ಪದ ಬರೆದಿದ್ದೆ. ಮೂರನೆಯದು ಇಲ್ಲದಿದ್ದರೆ ಎರಡನೆಯದೇ ಅದಕ್ಕೂ ಅನ್ವಯ. ಹಾಗಾಗಿ ಅರ್ಧ ಬರೆದ ಫೈಲನ್ನೂ ಯಂತ್ರ ಪೂರ್ತಿಯಾದ ಫೈಲಿನಂತೆ ಪಟ್ಟಿಗೆ ಸೇರಿಸಿ, ಜೋಪಾನವಾಗಿ ಇಟ್ಟುಕೊಂಡಿತ್ತು. ಡಿಲೀಟ್ ಎಂಬ ಒಂದು ಪದ ಬರೆದಿದ್ದರೆ ಹತ್ತು ನಿಮಿಷದ ಕೆಲಸ. ಅಲ್ಲಿನ ಕಚೇರಿಗಳು ತೆರೆಯಲು ಇನ್ನು ಅರ್ಧ ಗಂಟೆ ಇದೆ ಎನ್ನುವಾಗ ಉಳಿದ ಹಂತಗಳು ಮುಗಿದವು. ಕೆಲಸ ಉಳಿಯಿತು.

ಅವತ್ತು ರಿಕ್ಷಾದಲ್ಲಿ ಜೋಗೇಶ್ವರಿಗೆ ಬರುವಾಗ ಅಣ್ಣನ ಮಾತು ನೆನಪಾಯಿತು. ಆದ್ರೆ ಒಳ್ಳೇದೇ, ಆಗ್ಲಿಲ್ಲ ಅಂದ್ರೆ ಗಲ್ಲಾ. ಏಳನೇ ಕ್ಲಾಸು ಓದಿದ ಅಣ್ಣ ನನ್ನ ಹೆಸರಿನ ಮುಂದೆ ಮೂರನೆಯ ಪದವನ್ನೂ ಬರೆದೇ ದುಡ್ಡು ಕೊಟ್ಟಿದ್ದ. ಅವನು ಹಾಗೆ ಹೇಳಿದ್ದು ನನ್ನ ಮೇಲೆ ನಂಬಿಕೆ ಇಲ್ಲದೆ ಎಂದು ಎಷ್ಟು ತಿಂಗಳು ಅಂದುಕೊಂಡಿದ್ದೆ! ಮುಂದೆ ಆ ಹೋಟೆಲೂ ಮುಚ್ಚಿತು. ಅಷ್ಟರಲ್ಲಿ ಅವನು ಪ್ರತಿ ಮಳೆಗಾಲಕ್ಕೆ ಮುಂಚೆ ಊರಿಗೆ ಹೋಗಿ ಹಂಚು ಹೊದೆಸಿ ಬರುತ್ತಿದ್ದ ಮನೆ ಅವನಿಗಾಗಿ ನಿಂತಿತ್ತು. ಊರು ಬಿಟ್ಟು ಬಂದ ನಮ್ಮಲ್ಲಿ ಹೆಚ್ಚಿನವರು ಎರಡು ಪದ ಬರೆದುಕೊಂಡು ಬಂದವರು. ಮೂರನೆಯದನ್ನು ಬಾಯಿಬಿಟ್ಟು ಹೇಳಲು ಹೆದರಿಕೆ, ಹೇಳಿದರೆ ಎಲ್ಲಿ ನಿಜವಾಗುತ್ತದೋ ಎಂದು.

ಮನೆಗೆ ಬಂದ ಹುಡುಗಿಗೆ ಕೊನೆಗೆ ಹೇಳಿದ್ದು ಇಷ್ಟು. ಮೇನ್‌ಫ್ರೇಮ್ ಸತ್ತಿಲ್ಲ. ಐಬಿಎಂ 2022ರಲ್ಲಿ ಜೆಡ್16, 2025ರಲ್ಲಿ ಜೆಡ್17 ತಂದಿದೆ. ದೊಡ್ಡ ಬ್ಯಾಂಕು, ವಿಮಾ ಕಂಪನಿಗಳ ರಾತ್ರಿಯ ಲೆಕ್ಕ ಇನ್ನೂ ಅದರ ಮೇಲೆ ನಡೆಯುತ್ತದೆ. ಆದರೆ ಜೆಸಿಎಲ್ ಒಂದನ್ನೇ ಕಲಿತು ಕೆಲಸ ಹುಡುಕುವುದು ಕಷ್ಟ. ಕೋಬಾಲ್, ಡಿಬಿ2 ಜೊತೆಗಿರಬೇಕು. ಇನ್ನು ಗ್ಯಾರಂಟಿ ಎಂಬ ಮಾತನ್ನು ಕರಪತ್ರದಿಂದ ಅಳಿಸಿ ಓದು.

ದುಡ್ಡು ಕಟ್ಟುವ ಮೊದಲು ಮೂರು ಪ್ರಶ್ನೆ ಕೇಳು. ನಿಜವಾದ ಮೇನ್‌ಫ್ರೇಮಿಗೆ ನನ್ನ ಹೆಸರಿನ ಲಾಗಿನ್ ಕೊಡುತ್ತೀರಾ, ಎಷ್ಟು ತಿಂಗಳು? ಕೆಟ್ಟು ನಿಂತ ಜಾಬು ಕೊಟ್ಟು, ಅದರ ಔಟ್‌ಪುಟ್ ಓದಲು ಕಲಿಸುತ್ತೀರಾ? ಕ್ಲಾಸು ಅರ್ಧಕ್ಕೆ ನಿಂತರೆ ಹಣ ವಾಪಸ್ ಎಂದು ರಸೀದಿಯಲ್ಲಿ ಬರೆದುಕೊಡುತ್ತೀರಾ? ಉತ್ತರ ತಡವರಿಸಿದರೆ ಎದ್ದು ಬಾ.

ಅದಕ್ಕೂ ಮೊದಲು ಪುಕ್ಕಟೆ ಕಲಿ. ಐಬಿಎಂನವರೇ ನಡೆಸುವ ಜೆಡ್ ಎಕ್ಸ್‌ಪ್ಲೋರ್ ಎಂಬುದಿದೆ. ಹೆಸರು ನೋಂದಾಯಿಸಿದರೆ ನಿಜವಾದ ಯಂತ್ರದ ಮೇಲೆ ಜೆಸಿಎಲ್ ಓಡಿಸಬಹುದು. ಹರ್ಕ್ಯುಲಿಸ್ ಎಂಬ ಎಮ್ಯುಲೇಟರ್ ಹಾಕಿಕೊಂಡರೆ ಎಂವಿಎಸ್ 3.8 ಎಂಬ ಹಳೆಯ ಸಿಸ್ಟಂ ಮನೆಯ ಲ್ಯಾಪ್‌ಟಾಪಿನಲ್ಲೇ ನಡೆಯುತ್ತದೆ. ನನ್ನ ಚೌಕುಳಿ ಪುಸ್ತಕಕ್ಕೆ ಹೋಲಿಸಿದರೆ ಇದು ರಾಜಯೋಗ. ಒಂದು ತಿಂಗಳು ಮಾಡಿ ನೋಡು, ಇಷ್ಟವಾದರೆ ಆಮೇಲೆ ಫೀಸಿನ ಮಾತು.

"ಆಗದಿದ್ದರೆ?" ಎಂದು ನಾನೇ ಕೇಳಿದೆ. ಅವಳು ಅಪ್ಪನ ಮುಖ ನೋಡಿದಳು. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, "ಬಿ.ಎಡ್. ಮಾಡ್ಬೇಕು ಅಂತ ಅವಳಿಗೆ ಮೊದಲೇ ಇತ್ತು. ಆ ದುಡ್ಡು ಮುಟ್ಟುದಿಲ್ಲ, ಹಾಗೇ ಇರ್ತದೆ" ಅಂದರು. ಕರಪತ್ರವನ್ನು ಮತ್ತೆ ನಾಲ್ಕು ಮಡಿಕೆ ಮಾಡಿ ಜೇಬಿಗಿಟ್ಟರು.

ನಿನ್ನೆ ರಾತ್ರಿ ಅವಳಿಂದ ಒಂದು ಮೆಸೇಜು ಬಂತು. "ಅಂಕಲ್, ಫಸ್ಟ್ ಜಾಬ್ ಹಾಕಿದೆ. ಜೆಸಿಎಲ್ ಎರರ್ ಅಂತ ಬರ್ತಿದೆ. ಎಲ್ಲಾ ಸರಿಯಾಗೇ ಬರೆದಿದ್ದೇನೆ." ಜೊತೆಗೆ ಪರದೆಯ ಫೋಟೋ. ನಾಲ್ಕನೇ ಸಾಲಿನಲ್ಲಿ, ಅಲ್ಪವಿರಾಮದ ಪಕ್ಕ, ಒಂದು ಖಾಲಿ ಜಾಗ.

ಎಲ್ಲಿ ತಪ್ಪು ಎಂದು ನಾನು ಹೇಳಲಿಲ್ಲ. "ಒಳ್ಳೇದಾಯ್ತು. ಔಟ್‌ಪುಟ್ಟನ್ನು ಮೊದಲ ಸಾಲಿನಿಂದ ನಿಧಾನವಾಗಿ ಓದು" ಎಂದು ಬರೆದೆ. ಇಪ್ಪತ್ತು ನಿಮಿಷ ಕಳೆದು ಉತ್ತರ ಬಂತು: "ಸಿಕ್ಕಿತು ಅಂಕಲ್. ಸೊನ್ನೆ ಬಂತು."