‘ಧೂಳು ಒಗ್ಗಿಹೋಗಿದೆ’ ಎಂಬ ಮಾತು

ಬೆಂಗಳೂರಿನ ಪಶ್ಚಿಮದಲ್ಲಿ, ಮೈಸೂರು ರಸ್ತೆಯ ಮಗ್ಗುಲಲ್ಲಿರುವ ದೀಪಾಂಜಲಿ ನಗರ ನಮ್ಮ ವಾಸಸ್ಥಳ. ಇಲ್ಲಿ ಬೆಳಗಾದುದನ್ನು ಮೊದಲು ಸಾರುವುದು ಪೊರಕೆಯ ಸದ್ದು. 2015ರ ನವೆಂಬರಿನಿಂದ ಮೆಟ್ರೊ ರೈಲು ನೆತ್ತಿಯ ಮೇಲೆ ಓಡಾಡುತ್ತಿದೆ. ಕೆಳಗೆ ಪೌರಕಾರ್ಮಿಕರು ರಸ್ತೆಯಂಚಿನ ಒಣ ಧೂಳನ್ನು ಗುಡಿಸುತ್ತಾರೆ. ಅದರಲ್ಲಿ ಒಂದು ಭಾಗ ಗುಡ್ಡೆಯಾದರೆ ಇನ್ನೊಂದು ಭಾಗ ಗಾಳಿಗೇರುತ್ತದೆ. ಗುಡ್ಡೆಯಾದದ್ದನ್ನೂ ಮುಂದಿನ ಬಸ್ಸು ಬಂದು ಚದುರಿಸುತ್ತದೆ. ಹೀಗೊಂದು ಬೆಳಗ್ಗೆ ನಮ್ಮೊಡನೆ ಬಸ್ಸಿಗಾಗಿ ಕಾದಿದ್ದ ವಿದ್ಯಾರ್ಥಿಯೊಬ್ಬನಿಗೆ, ಮೂಗಿಗೆ ಕರವಸ್ತ್ರವನ್ನಾದರೂ ಹಿಡಿದುಕೊಳ್ಳಬಾರದೆ ಎಂದೆವು. ಅವನು ನಕ್ಕು, “ನಾವು ಇಲ್ಲೇ ಹುಟ್ಟಿ ಬೆಳೆದವರು ಸಾರ್, ನಮಗೆ ಧೂಳು ಒಗ್ಗಿಹೋಗಿದೆ” ಎಂದನು. ಅಷ್ಟರಲ್ಲಿ ಬಸ್ಸು ಬಂದಿತು. ಅಂದು ಹೇಳಲಾಗದ ಉತ್ತರವನ್ನು ಇಲ್ಲಿ ಹೇಳಬಯಸುತ್ತೇವೆ.

ದೇಹದ ಒಳಹೊರಗಿನ ಮೈಗಳನ್ನೆಲ್ಲ ಹೊದಿಸಿರುವ ಜೀವಕೋಶಗಳ ಪದರಕ್ಕೆ ಅನುಲೇಪಕ ಅಂಗಾಂಶವೆಂದು ಹೆಸರು. ಕೆಲಸಕ್ಕೆ ತಕ್ಕ ಹೊದಿಕೆ ಎಂಬುದೇ ಅದರ ನಿಯಮ. ಆಹಾರದ ತುತ್ತು ಉಜ್ಜಿಕೊಂಡು ಇಳಿಯುವ ಅನ್ನನಾಳದಲ್ಲಿ ಅದು ಚಪ್ಪಟೆ ಕೋಶಗಳ ಹಲವು ಪದರಗಳಿಂದ ಆಗಿದೆ; ಮೇಲಿನವು ಸವೆದರೆ ಕೆಳಗಿನವು ಸಿದ್ಧವಾಗಿರುತ್ತವೆ. ಸಾರವನ್ನು ಹೀರುವ ಸಣ್ಣ ಕರುಳಿನಲ್ಲಿ ಕಂಬದಾಕಾರದ ಕೋಶಗಳ ಒಂದೇ ಪದರವುಂಟು. ಅನ್ನನಾಳದ ಮುಂದೆಯೇ ಅದಕ್ಕಂಟಿಕೊಂಡಿರುವ ಶ್ವಾಸನಾಳದಲ್ಲಿ ಮಾತ್ರ ಈ ಹೊದಿಕೆ ಕಸ ಗುಡಿಸುವ ಕೆಲಸವನ್ನು ವಹಿಸಿಕೊಂಡಿದೆ.

ಇಲ್ಲಿನ ಕಂಬಕೋಶಗಳಲ್ಲಿ ಒಂದೊಂದರ ತಲೆಯ ಮೇಲೂ ಸುಮಾರು 200 ಲೋಮಾಂಗಗಳಿವೆ. ಒಂದರ ಉದ್ದ ಆರೇಳು ಮೈಕ್ರೋಮೀಟರು, ಎಂದರೆ ಒಂದು ಮಿಲಿಮೀಟರಿನ ಸಾವಿರದಲ್ಲಿ ಆರೇಳು ಭಾಗ. ನಡುನಡುವೆ ಬಟ್ಟಲಿನಾಕಾರದ ಕೋಶಗಳು ಲೋಳೆಯನ್ನು ಸುರಿಸುತ್ತವೆ. ಒಳಗೆ ಬಂದ ಧೂಳು ಈ ಅಂಟಿನಲ್ಲಿ ಸಿಕ್ಕಿಕೊಳ್ಳುತ್ತದೆ. ಲೋಮಾಂಗಗಳು ಕ್ಷಣಕ್ಕೆ ಹತ್ತು ಹದಿನೈದು ಸಲ ಬಡಿಯುತ್ತ, ಗಾಳಿ ಬೀಸಿದಾಗ ಬತ್ತದ ಗದ್ದೆಯಲ್ಲಿ ಅಲೆಯೇಳುವಂತೆ, ಲೋಳೆಯನ್ನು ಗಂಟಲಿನತ್ತ ಸಾಗಿಸುತ್ತವೆ. ಮುಂಬಡಿತದಲ್ಲಿ ಲೋಮಾಂಗವು ನೆಟ್ಟಗೆ ನಿಂತು ಲೋಳೆಯನ್ನು ತಳ್ಳುತ್ತದೆ. ಹಿಂದಿರುಗುವಾಗ ಬಾಗಿ, ಕೆಳಗಿನ ತೆಳುದ್ರವದಲ್ಲಿ ನುಸುಳಿ ಬರುತ್ತದೆ. ಆದುದರಿಂದಲೇ ಲೋಳೆ ಹಿಂದು ಮುಂದು ಅಲುಗದೆ ಒಂದೇ ದಿಕ್ಕಿಗೆ ಹರಿಯುತ್ತದೆ. ವೇಗ ನಿಮಿಷಕ್ಕೆ ಸುಮಾರು ಅರ್ಧ ಸೆಂಟಿಮೀಟರು. ಹನ್ನೆರಡು ಸೆಂಟಿಮೀಟರು ಉದ್ದದ ಶ್ವಾಸನಾಳದ ತಳದಲ್ಲಿ ಅಂಟಿದ ಕಣವೊಂದು ಅರ್ಧ ಗಂಟೆಯೊಳಗೆ ಗಂಟಲನ್ನು ಸೇರುತ್ತದೆ.

ಇಂತಹ ಏರ್ಪಾಡಿರುವಾಗ ಭಯವೇಕೆ ಎಂದು ಕೇಳಬಹುದು. ಇಲ್ಲಿಯೇ ಭೌತಶಾಸ್ತ್ರ ಎಚ್ಚರಿಕೆ ಕೊಡುತ್ತದೆ. ದಪ್ಪ ಕಣಗಳಿಗೆ ಜಡತ್ವ ಹೆಚ್ಚು. ಗಾಳಿ ತಿರುಗುವಲ್ಲಿ ಅವು ತಿರುಗಲಾರದೆ ಗೋಡೆಗೆ ತಾಗಿ ಮೂಗಿನಲ್ಲೋ ದೊಡ್ಡ ನಾಳಗಳಲ್ಲೋ ಸಿಕ್ಕಿಬೀಳುತ್ತವೆ. ಸಣ್ಣವು ಗಾಳಿಯೊಡನೆ ತಾವೂ ತಿರುಗಿ ಒಳಕ್ಕೆ ಹೋಗುತ್ತವೆ. ನೀರಿನಷ್ಟೇ ಸಾಂದ್ರತೆಯುಳ್ಳ ಗೋಲಾಕಾರದ ಕಣಗಳು ನಿಶ್ಚಲವಾದ ಗಾಳಿಯಲ್ಲಿ ನಮ್ಮ ಮುಖದೆತ್ತರದಿಂದ, ಅಂದರೆ ಒಂದೂವರೆ ಮೀಟರಿನಿಂದ, ಇಳಿಯುತ್ತಿವೆ ಎಂದಿಟ್ಟುಕೊಳ್ಳೋಣ. ಸ್ಟೋಕ್ಸ್ ನಿಯಮದಂತೆ ಲೆಕ್ಕ ಹಾಕಿದರೆ 10 ಮೈಕ್ರೋಮೀಟರು ವ್ಯಾಸದ ಕಣಕ್ಕೆ ನೆಲ ಮುಟ್ಟಲು ಸುಮಾರು ಎಂಟು ನಿಮಿಷ ಬೇಕು. 2.5 ಮೈಕ್ರೋಮೀಟರಿನದಕ್ಕೆ ಎರಡು ಗಂಟೆ. 1 ಮೈಕ್ರೋಮೀಟರಿನದಕ್ಕೆ ಸುಮಾರು ಹನ್ನೆರಡು ಗಂಟೆ. ಪೊರಕೆಯವರು ಹೊರಟುಹೋದ ಮೇಲೆ ರಸ್ತೆ ಶುದ್ಧವಾಗಿ ಕಾಣುತ್ತದೆ, ನಿಜ. ಆದರೆ ಕಣ್ಣಿಗೆ ಕಾಣದ ಭಾಗವು ಉಸಿರಿನ ಎತ್ತರದಲ್ಲಿಯೇ ತೇಲುತ್ತಿರುತ್ತದೆ.

ಆ ಸಣ್ಣ ಕಣಗಳು ತಲುಪುವ ವಾಯುಕೋಶಗಳಲ್ಲಿ ಲೋಮಾಂಗಗಳಿಲ್ಲ. ಅಲ್ಲಿ ಗಾಳಿಗೂ ರಕ್ತಕ್ಕೂ ನಡುವಿನ ಪೊರೆ ಅನೇಕ ಕಡೆ ಅರ್ಧ ಮೈಕ್ರೋಮೀಟರಿಗಿಂತ ತೆಳುವು. ಕಸವನ್ನು ನುಂಗುವ ಭಕ್ಷಕ ಕೋಶಗಳು ಇವೆಯಾದರೂ ಅವುಗಳ ಕೆಲಸ ನಿಧಾನ. ಕಲ್ಲಿನ ಸಿಲಿಕಾ ಕಣಗಳನ್ನು ನುಂಗಿದರೆ ಅವೇ ಸಾಯುತ್ತವೆ. ಇದಕ್ಕೆ ಸಾಕ್ಷಿ ನಮ್ಮ ನಾಡಿನ ಕೋಲಾರದ ಚಿನ್ನದ ಗಣಿಗಳು. 1940ರ ದಶಕದಲ್ಲಿ ಅಲ್ಲಿನ ಕಾರ್ಮಿಕರಲ್ಲಿ ಸಿಲಿಕೋಸಿಸ್ ರೋಗವಿರುವುದು ವೈದ್ಯಕೀಯ ಪರೀಕ್ಷೆಗಳಿಂದ ದೃಢಪಟ್ಟಿತು. ಗಣಿಗಳು 2001ರಲ್ಲಿ ಮುಚ್ಚಿದುವು. ವರ್ಷಗಟ್ಟಲೆ ದಿನವೂ ಅದೇ ಧೂಳಿನಲ್ಲಿ ದುಡಿದ ಆ ಜನರಿಗೇ ಒಗ್ಗದ ಧೂಳು ಬೇರೆ ಯಾರಿಗೆ ಒಗ್ಗೀತು?

ಹಾಗಾದರೆ ‘ಒಗ್ಗುವುದು’ ಎಂದರೇನು? ಹೊಗೆ ಮುಂತಾದ ಉಪದ್ರವಗಳು ಎಡೆಬಿಡದೆ ತಾಗಿದರೆ ಶ್ವಾಸನಾಳದ ಹೊದಿಕೆ ನಿಜವಾಗಿಯೂ ಬದಲಾಗುತ್ತದೆ. ಬಟ್ಟಲುಕೋಶಗಳು ಹೆಚ್ಚುತ್ತವೆ, ಲೋಮಾಂಗಗಳು ಕುಗ್ಗುತ್ತವೆ. ಬಹುಕಾಲ ಬೀಡಿ ಸಿಗರೇಟು ಸೇದಿದವರಲ್ಲಿ ಕೆಲವೆಡೆ ಕಂಬಕೋಶಗಳ ಸ್ಥಾನದಲ್ಲಿ ಅನ್ನನಾಳದ್ದರಂತಹ ಚಪ್ಪಟೆ ಕೋಶಗಳ ಪದರಗಳು ಬೆಳೆಯುತ್ತವೆ. ಈ ಹೊಸ ಹೊದಿಕೆ ಗಟ್ಟಿಯಾದುದೇ; ಆದರೆ ಅದಕ್ಕೆ ಗುಡಿಸಲು ಬಾರದು. ಲೋಳೆ ನಿಂತಲ್ಲೇ ನಿಲ್ಲುತ್ತದೆ, ಅದನ್ನು ಹೊರಗಟ್ಟಲು ಕೆಮ್ಮೊಂದೇ ಗತಿಯಾಗುತ್ತದೆ. ಕಾವಲುಗಾರ ಕೆಲಸ ಬಿಟ್ಟುಹೋದುದನ್ನು ಕಳ್ಳನೊಡನೆ ಆದ ಸ್ನೇಹವೆಂದು ನಾವು ತಿಳಿಯುತ್ತಿದ್ದೇವೆ. ಉಪದ್ರವ ನಿಂತರೆ ತಳದ ಕೋಶಗಳು ಮತ್ತೆ ಲೋಮಾಂಗವುಳ್ಳ ಕೋಶಗಳನ್ನು ಬೆಳೆಸಬಲ್ಲುವು ಎಂಬುದೊಂದೇ ಸಮಾಧಾನ.

ಬೆಂಗಳೂರಿನ ಮಕ್ಕಳ ವೈದ್ಯರಾದ ಡಾ. ಎಚ್. ಪರಮೇಶ್ ಅವರು ತಮ್ಮ ಆಸ್ಪತ್ರೆಗೆ ಬಂದ ಮಕ್ಕಳನ್ನು ಪರಿಶೀಲಿಸಿದಾಗ, ಆಸ್ತಮಾ ಉಳ್ಳವರ ಪ್ರಮಾಣ 1979ರಲ್ಲಿ ಶೇಕಡ 9 ಇದ್ದುದು 1999ರಲ್ಲಿ ಶೇಕಡ 29.5ಕ್ಕೆ ಏರಿತ್ತು. ಇದು ಆಸ್ಪತ್ರೆಯ ಲೆಕ್ಕ; ಇಡೀ ನಗರಕ್ಕೆ ಇದನ್ನು ಹಾಗೆಯೇ ಅನ್ವಯಿಸಲಾಗದು, ಧೂಳೊಂದೇ ಕಾರಣವೆಂದೂ ಹೇಳಲಾಗದು. ಆದರೂ ಈ ಊರಲ್ಲೇ ಹುಟ್ಟಿ ಬೆಳೆಯುವ ಮಕ್ಕಳಿಗೆ ಇಲ್ಲಿನ ಗಾಳಿ ಒಗ್ಗಿದೆ ಎಂಬ ವಾದಕ್ಕೆ ಇದರಿಂದ ಬಲ ಬರುವುದಿಲ್ಲ.

ಪರಿಹಾರವನ್ನು ಆ ಅನುಲೇಪಕದಿಂದಲೇ ಕಲಿಯಬಹುದೆಂಬುದು ನಮ್ಮ ಅಭಿಪ್ರಾಯ. ಅದು ಒಣದಾಗಿ ಗುಡಿಸದು. ಮೊದಲು ಒದ್ದೆಮಾಡಿ ಹಿಡಿಯುತ್ತದೆ, ಅನಂತರ ಒಂದೇ ದಿಕ್ಕಿಗೆ ಸಾಗಿಸಿ ಹೊರಹಾಕುತ್ತದೆ. ಅಂಗಳಕ್ಕೆ ನೀರು ಚಿಮುಕಿಸಿ ಗುಡಿಸುತ್ತಿದ್ದ ನಮ್ಮ ಅಜ್ಜಿಯರು ಮಾಡುತ್ತಿದ್ದುದೂ, ನೀರು ಹಾಯಿಸುತ್ತ ಬಂಡೆ ಕೊರೆಯುವ ಗಣಿಗಳಲ್ಲಿ ನಡೆಯುವುದೂ ಇದೇ. ನಗರದ ರಸ್ತೆಗಳಿಗೂ ಇದೇ ಕ್ರಮ ಬರಬೇಕು. ಕುಡಿಯುವ ಕಾವೇರಿ ನೀರನ್ನು ಚೆಲ್ಲಬೇಕಾಗಿಲ್ಲ. ಚೆನ್ನಾಗಿ ಶುದ್ಧೀಕರಿಸಿ ರೋಗಾಣುಗಳನ್ನು ಕಳೆದ ಬಳಕೆಯ ನೀರು ಸಾಕು. ಗುಡಿಸಿದ ಧೂಳನ್ನು ಆಗಲೇ ಎತ್ತಿ ಸಾಗಿಸಬೇಕು. ಕಸಕ್ಕೆ ಬೆಂಕಿಯಿಡುವುದು ನಿಲ್ಲಬೇಕು. ವಾಹನಗಳ ಹೊಗೆ ನೀರಿಗೆ ಅಡಗುವುದಲ್ಲ. ಅದಕ್ಕೆ ಬೇರೆಯೇ ಪ್ರಯತ್ನ ಬೇಕು. ನಮ್ಮ ದೇಶವು 2009ರಲ್ಲಿ ಗೊತ್ತುಮಾಡಿದ ಪ್ರಮಾಣದಂತೆ 2.5 ಮೈಕ್ರೋಮೀಟರಿಗಿಂತ ಸಣ್ಣ ಕಣಗಳ ವಾರ್ಷಿಕ ಸರಾಸರಿ ಘನಮೀಟರಿಗೆ 40 ಮೈಕ್ರೋಗ್ರಾಮ್ ಮೀರಬಾರದು. ವಿಶ್ವ ಆರೋಗ್ಯ ಸಂಸ್ಥೆ 2021ರಲ್ಲಿ ಹೇಳಿದ ಮಿತಿ 5. ಈ ಅಂತರವನ್ನೂ ವಿದ್ಯಾರ್ಥಿಗಳು ಯೋಚಿಸಬೇಕು.

ಎಲ್ಲಕ್ಕಿಂತ ಮೊದಲು ನೆನೆಯಬೇಕಾದವರು ಪೊರಕೆ ಹಿಡಿದವರು. ನಾವು ಬಸ್ಸು ಬರುವವರೆಗೆ ಮಾತ್ರ ಆ ಧೂಳಿನಲ್ಲಿ ನಿಲ್ಲುತ್ತೇವೆ; ಅವರು ದಿನದಿನವೂ ಅದರ ನಡುವೆ ದುಡಿಯುತ್ತಾರೆ. ಸರಿಯಾದ ಮುಖಗವಸು, ಒದ್ದೆ ನೆಲ, ಧೂಳು ಹೀರುವ ಯಂತ್ರ, ಇವು ಅವರಿಗೆ ಸಲ್ಲಬೇಕಾದ ಹಕ್ಕು. ಅವರಿಗೂ ‘ಒಗ್ಗಿಹೋಗಿದೆ’ ಎಂದು ನಾವು ಸುಮ್ಮನಿರುವುದು ವಿಜ್ಞಾನವೂ ಅಲ್ಲ, ನ್ಯಾಯವೂ ಅಲ್ಲ.